ಫಿಂಟನ್ ಹೊಡೆದ ಗೋಲು

ಭಾನುವಾರದ ಪೂಜೆ ಮುಗಿದು ಜನ ಚರ್ಚಿನ ಗೇಟಿನ ಬಳಿ ಹರಟುತ್ತಿದ್ದಾಗ ಕೋಲ್ಮನ್ ಟಿಯರ್ನಿ ಗಂಟಲು ಸರಿಮಾಡಿಕೊಂಡು, "ಇನ್ನು ನಾನು ಆಡಲ್ಲಪ್ಪ, ಸಾಕು," ಎಂದುಬಿಟ್ಟ. ಎಲ್ಲ ಫಜೀತಿಗೂ ಮೂಲ ಈ ಮಾತೇ.

'ಅಯ್ಯೋ, ಹಾಗನ್ನಬೇಡ ಮಾರಾಯ' ಎಂದು ಯಾರಾದರೂ ಅಂದಾರೆಂದು ಅವನ ಆಸೆ. ಕಿಲ್‌ಗೆಹಿ ತಂಡಕ್ಕೆ ಇಪ್ಪತ್ತಮೂರು ವರ್ಷ ಹರ್ಲಿಂಗ್ ಎಂಬ ಕೋಲು-ಚೆಂಡಿನಾಟ ಆಡಿ ಮೂರು ಹಲ್ಲು ಕಳೆದುಕೊಂಡಿದ್ದ. ಗೋಲು ಮಾತ್ರ ಒಂದೂ ಹೊಡೆದಿರಲಿಲ್ಲ. ತಂಡದ ಕಾರ್ಯದರ್ಶಿ ಮ್ಯಾಲಕಿ, "ಹೌದಾ? ಒಳ್ಳೇದಾಯ್ತು ಬಿಡು," ಎಂದು ಅಲ್ಲೇ ಅಂದು ಮಧ್ಯಾಹ್ನದ ಪಂದ್ಯದ ಪಟ್ಟಿ ತೆಗೆದು ಕೋಲ್ಮನ್‌ನ ಹೆಸರು ಹೊಡೆದುಹಾಕಿ, ಹದಿನೈದನೆಯವನಾಗಿ ಫಿಂಟನ್ ಹೋಗನ್ ಎಂದು ಬರೆದುಕೊಂಡ.

ಮನೆಯಲ್ಲಿ ಕೋಲ್ಮನ್‌ನ ತಾಯಿ ಪೆಗ್ ಆಲೂಗಡ್ಡೆ ಬೇಯಿಸುತ್ತಿದ್ದಳು. ಪ್ರತಿ ಭಾನುವಾರ ಸಂಜೆ ಆರಕ್ಕೆ ರೇಡಿಯೋದಲ್ಲಿ ಗೋಲು ಹೊಡೆದವರ ಹೆಸರು ಓದುವಾಗ ಕಿವಿಯನ್ನು ಪೆಟ್ಟಿಗೆಗೇ ಅಂಟಿಸಿಕೊಂಡು ಕೂರುವವಳು ಅವಳು.

"ನಿನ್ನ ಹೆಸರು ಕೇಳಿಸ್ಕೊಂಡೇ ಸಾಯ್ತೀನಿ ಅಂದ್ಕೊಂಡಿದ್ದೆ ಕಣೋ. ಈಗ ನೆಮ್ಮದಿಯಾಗಿ ಸಾಯೋ ಹಾಗೂ ಇಲ್ಲ," ಎಂದಳು.

ಊಟವಾಗಿ ಅವಳು ಒಲೆಯ ಬಳಿ ತೂಕಡಿಸುತ್ತಿದ್ದಾಗ ಮ್ಯಾಲಕಿ ಕಿಟಕಿಯಲ್ಲಿ ಮೂಗು ತೂರಿಸಿದ.

"ಬಾರೋ ಬೇಗ! ಫಿಂಟನ್ ಹಸು ಕರು ಹಾಕ್ತಾ ಇದೆ, ಅವನು ಬರಲ್ಲ. ಹದಿನಾಲ್ಕೇ ಜನ!"

"ಪಟ್ಟೀಲಿ ನನ್ನ ಹೆಸರಿಲ್ವಲ್ಲೋ?"

"ರೆಫರಿ ಕೈಗೆ ಕೊಟ್ಟಾಯ್ತು. ಇವತ್ತು ನೀನೇ ಫಿಂಟನ್. ಗೊತ್ತಾದ್ರೆ ಪಂದ್ಯ ಎದುರಿನವರ ಪಾಲು. ನಿಮ್ಮಮ್ಮನಿಗಂತೂ ಉಸುರಬೇಡ, ಅವಳ ಕಿವಿಗೆ ಬಿದ್ರೆ ಮೂರೂರಿಗೆ ಡಂಗುರ!"

ಫಿಂಟನ್ ಪೀಪಾಯಿಯಂಥ ಮನುಷ್ಯ. ಅವನ ಅಂಗಿಯೊಳಗೆ ಕೋಲ್ಮನ್ ಗುಡಾರದ ಗಳುವಿನಂತೆ ಮೈದಾನದ ಮೂಲೆಯಲ್ಲಿ ನಿಂತ. "ಫಿಂಟನ್, ಸರಿದು ನಿಲ್ಲಪ್ಪ!" ಎಂದು ರೆಫರಿ ಎರಡು ಸಲ ಕೂಗಿದರೂ ಇವನು ತಿರುಗಿ ನೋಡಲಿಲ್ಲ.

ಆಮೇಲೆ ಚೆಂಡು ಅವನ ಕಡೆ ಬರುವುದನ್ನೇ ಬಿಟ್ಟಿತು. ಬೆಟ್ಟದ ಮೇಲಿಂದ ಮಂಜು ಮೆಲ್ಲಗೆ ಇಳಿಯುತ್ತಿತ್ತು, ಒದ್ದೆ ಹುಲ್ಲು ಘಮಘಮಿಸುತ್ತಿತ್ತು. ಎಲ್ಲೋ ದೂರದಿಂದ ರೇಡಿಯೋದವನು ಮೃದುವಾಗಿ, 'ಗೋಲು, ಕೋಲ್ಮನ್ ಟಿಯರ್ನಿ' ಎಂದಂತಾಯಿತು. ಅಮ್ಮ ಒಲೆಯ ಬಳಿಯಿಂದ ಎದ್ದು ನಿಂತು ನಗುತ್ತಿದ್ದಳು. ಕೋಲ್ಮನ್‌ಗೆ ಕಣ್ಣು ತುಂಬಿಬಂತು. ಆ ಮಂಜಿನೊಳಗಿಂದ ಏನೋ ಬೆಳ್ಳಗೆ ತೇಲುತ್ತಾ ಬಂತು. ಕನಸಿನಲ್ಲಿ ಬೀಸುವಂತೆಯೇ ಅವನು ಕೋಲು ಬೀಸಿದ.

ಗೋಲಿನ ಪಕ್ಕದ ಬಿಳಿ ಕೋಟಿನವನು ಹಸಿರು ಬಾವುಟ ಎತ್ತಿದ: ಗೋಲು! ಪಂದ್ಯ ಮುಗಿಯಿತು, ಕಿಲ್‌ಗೆಹಿ ಗೆದ್ದಿತು.

"ಭೇಷ್ ಕೋಲ್..." ಎಂದು ಶುರುಮಾಡಿದವನ ಬಾಯಿಗೆ ಮ್ಯಾಲಕಿ ಟೋಪಿ ತುರುಕಿದ. ಆಮೇಲೆ ಊರಿಗೆ ಊರೇ ಒಂದೇ ದನಿಯಲ್ಲಿ, "ಭೇಷ್ ಫಿಂಟನ್!" ಎಂದಿತು.

ಆರು ಗಂಟೆಗೆ ರೇಡಿಯೋದವನೂ ಆ ಹೆಸರನ್ನೇ ಹೇಳಿದ. ಪೆಗ್ ನಿಟ್ಟುಸಿರಿಟ್ಟಳು. "ಕೇಳಿದ್ಯಾ? ಆ ಡೊಳ್ಳುಹೊಟ್ಟೆ ಇಟ್ಕೊಂಡು ಅವನು ಹೊಡೆದ. ನೀನು ಒಂದೇ ಒಂದು ಹೊಡೆದಿದ್ರೆ..."

ಕೋಲ್ಮನ್ ಬಾಯಿಗೆ ಬಂದದ್ದನ್ನು ಚಹಾದ ಜೊತೆ ನುಂಗಿಕೊಂಡ.

ಅಷ್ಟರಲ್ಲಿ ಫಿಂಟನ್ನೇ ಬಂದ, ತೋಳಿಗೆ ಇನ್ನೂ ಕೊಟ್ಟಿಗೆಯ ಹುಲ್ಲು ಅಂಟಿತ್ತು. ಪೆಗ್ ಅವನನ್ನು ಬಾಚಿ ತಬ್ಬಿಕೊಂಡಳು. "ಹೇಗೆ ಹೊಡೆದ್ಯೋ ನನ್ನಪ್ಪಾ, ಹೇಳು!"

ಫಿಂಟನ್ ಕೋಲ್ಮನ್‌ನ ಮುಖ ನೋಡಿದ, ನೆಲ ನೋಡಿದ. ಆಮೇಲೆ ಒಲೆಕೋಲು ಕೈಗೆತ್ತಿಕೊಂಡು, ಮ್ಯಾಲಕಿಯಿಂದ ಕೇಳಿದ್ದನ್ನೇ ತನ್ನದೆಂಬಂತೆ ಹೇಳತೊಡಗಿದ. ಕಥೆಯಲ್ಲಿ ಮಂಜೂ ಬಂತು, ಬೆಳ್ಳಗೆ ತೇಲುವ ಚೆಂಡೂ ಬಂತು. ಕೋಲ್ಮನ್ ಕೂಡ ಮೈಮರೆತು ಕೇಳಿದ.

ಹೊರಡುವಾಗ ಫಿಂಟನ್ ಅವನ ಕಿವಿಯಲ್ಲಿ, "ಮುಂದಿನ ಭಾನುವಾರಾನೂ ಅದೇ ರೆಫರಿ ಅಂತೆ. ಫಿಂಟನ್ ಆಡ್ಲೇಬೇಕು ಅಂದ ಮ್ಯಾಲಕಿ. ಅಂದ್ರೆ ನೀನು," ಎಂದು ಪಿಸುಗುಟ್ಟಿದ.

ಪೆಗ್ ಆಗಲೇ ಗೂಟದಿಂದ ತನ್ನ ಹಳೆಯ ಕೋಟು ಇಳಿಸಿ ಧೂಳು ಕೊಡವುತ್ತಿದ್ದಳು. "ಮುಂದಿನ ವಾರ ನಾನೇ ಮೈದಾನಕ್ಕೆ ಬರ್ತೀನಿ, ಫಿಂಟನ್ ಆಟ ನೋಡೋಕೆ. ನೀನೂ ಬಾರೋ ಕೋಲ್ಮನ್, ಹೇಗೂ ನಿಂಗೆ ಕೆಲಸ ಇಲ್ಲ."