ಕೆಮ್ಮದೆ ಒಳಗೆ ಹೋದವಳು

ಐವತ್ತು ದಾಟಿದ ಮೇಲೆ ನನಗೊಂದು ಕೆಟ್ಟ ಚಾಳಿ ಅಂಟಿಕೊಂಡಿದೆ ಎಂದು ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ಯಾರೂ ಇಲ್ಲದ ಹೊತ್ತು ನೋಡಿ ಪರರ ಮನೆಗೆ ನುಗ್ಗುತ್ತೇನೆ. ಡ್ರಾಯರ್ ಎಳೆಯುತ್ತೇನೆ, ದಿಂಬು ಎತ್ತಿ ನೋಡುತ್ತೇನೆ, ಅವರ ಕಾಗದಗಳನ್ನು ಓದಿ ಕಣ್ಣೀರು ಹಾಕುತ್ತೇನೆ, ಆಮೇಲೆ ಲ್ಯಾಪ್‌ಟಾಪ್ ಮುಚ್ಚಿ ಅನ್ನಕ್ಕಿಡಲು ಏಳುತ್ತೇನೆ. ರವೀಂದ್ರನಗರದ ನನ್ನ ನೆರೆಹೊರೆಯವರು ಗಾಬರಿಯಾಗಬೇಕಿಲ್ಲ, ಇದು ಕಂಪ್ಯೂಟರ್ ಆಟ. ಈ ವಯಸ್ಸಿನ ಹೆಂಗಸರಿಗೆ ಮರ್ಯಾದೆಯ ಹವ್ಯಾಸಗಳು ಬೇಕಾದಷ್ಟಿವೆ. ಯೋಗ ಇದೆ, ಭಜನೆ ಇದೆ, ತಾರಸಿಯ ಮೇಲೆ ಕುಂಡದಲ್ಲಿ ಕರಿಬೇವು ಇದೆ. ಯೋಗವನ್ನೂ ಭಜನೆಯನ್ನೂ ನಾನು ಬಿಟ್ಟೆ. ಕರಿಬೇವು ನನ್ನನ್ನು ಬಿಟ್ಟಿತು.

ಈ ಚಾಳಿ ಹಚ್ಚಿದವನು ನನ್ನ ತಮ್ಮ ಮಂಜ. ಭದ್ರಾವತಿಯಲ್ಲಿ ಕಂಪ್ಯೂಟರ್ ರಿಪೇರಿ ಅಂಗಡಿ ಇಟ್ಟಿದ್ದಾನೆ. ನನ್ನ ಲ್ಯಾಪ್‌ಟಾಪಿನ ಫ್ಯಾನು ರೈಸ್ ಮಿಲ್ಲಿನಂತೆ ಸದ್ದು ಮಾಡುತ್ತಿದೆ ಎಂದು ಅವನಿಗೆ ಕೊಟ್ಟಿದ್ದೆ. ವಾಪಸು ಬಂದಾಗ ಸದ್ದು ಹೋಗಿತ್ತು, ಅದರ ಜಾಗದಲ್ಲಿ ಒಂದು ಆಟ ಬಂದಿತ್ತು. "ಇದ್ರಲ್ಲಿ ಗುಂಡು ಹೊಡಿಯೋದು ಇಲ್ಲ ತಾನೆ? ನಂಗೆ ಅದೆಲ್ಲ ಆಗಲ್ಲ" ಎಂದೆ. "ಇಲ್ಲ ಕಣಕ್ಕ. ಸಾಯಿಸೋಕೆ ಯಾರೂ ಉಳಿದೇ ಇಲ್ಲ, ಎಲ್ರೂ ಮೊದ್ಲೇ ಸತ್ತಿದಾರೆ. ನೀನು ಸುಮ್ನೆ ಮನೆ ತುಂಬ ಓಡಾಡ್ಕೊಂಡು ಅಳೋದು, ಅಷ್ಟೆ. ನಿಂಗೆ ಸರಿಹೋಗುತ್ತೆ" ಎಂದ.

ಸರಿಹೋಯಿತು. ಯಾವುದೋ ದೇಶದ ಸಮುದ್ರದ ಪಕ್ಕ ಒಂದು ದೊಡ್ಡ ಮರದ ಮನೆ. ಆ ಮನೆಯ ಮಗಳು ಬಹಳ ಕಾಲದ ಮೇಲೆ ಹಿಂತಿರುಗಿದ್ದಾಳೆ. ಅವಳ ಕಾಲೇ ನಮ್ಮ ಕಾಲು, ಅವಳ ಕಣ್ಣೇ ನಮ್ಮ ಕಣ್ಣು. ಕೋಣೆಯಿಂದ ಕೋಣೆಗೆ ಹೋಗುತ್ತಾ ಒಂದು ವಸ್ತುವನ್ನು ಮುಟ್ಟಿದರೆ ಸತ್ತವರೊಬ್ಬರ ದನಿ ಬಂದು ತಮ್ಮ ಕಥೆ ಹೇಳುತ್ತದೆ. ಅಜ್ಜನ ಪೈಪು ಮುಟ್ಟಿದರೆ ಅಜ್ಜ, ಗೊಂಬೆ ಮುಟ್ಟಿದರೆ ತಂಗಿ. ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಕನ್ನಡಕ ಏರಿಸಿ ಓದಿಕೊಂಡು ನಾನು ಮೂರು ಭಾನುವಾರ ಅತ್ತೆ.

ಆದರೆ ಅಳುತ್ತಲೇ ನನಗೊಂದು ಅನುಮಾನವೂ ಶುರುವಾಯಿತು. ಆ ಮನೆಯಲ್ಲಿ ಯಾವ ಡ್ರಾಯರ್ ಎಳೆದರೂ ಒಂದು ಕಾಗದ; ಯಾವ ಕಾಗದ ಓದಿದರೂ ಒಂದು ಗುಟ್ಟು; ಒಂದು ಗುಟ್ಟಿನ ಬಾಲಕ್ಕೆ ಇನ್ನೊಂದರ ತಲೆ ಸರಿಯಾಗಿ ಕೂರುತ್ತದೆ. ನೆನಪು ಇಷ್ಟು ಅಚ್ಚುಕಟ್ಟಾಗಿದ್ದರೆ ನಾನು ನಂಬುವುದಿಲ್ಲ. ಅದಕ್ಕೆ ನನ್ನ ಉದ್ಯೋಗವೇ ಕಾರಣ. ಶಿವಮೊಗ್ಗದ ಒಂದು ಸಹಕಾರ ಸಂಘದಲ್ಲಿ ಸಭೆಗಳ ನಡಾವಳಿ ಬರೆಯುವವಳು ನಾನು. ಸಭೆಯಲ್ಲಿ ಒಬ್ಬರು ಮೇಜು ಗುದ್ದುತ್ತಾರೆ, ಗುದ್ದಿದ್ದಕ್ಕೆ ಚಹಾ ಚೆಲ್ಲುತ್ತದೆ, ಚೆಲ್ಲಿದ್ದು ಯಾರ ಪಂಚೆಯ ಮೇಲೆ ಎಂಬುದರ ಬಗ್ಗೆ ಅರ್ಧ ಗಂಟೆ ಜಗಳವಾಗುತ್ತದೆ. ನಾನು ಅದನ್ನೆಲ್ಲ "ವಿಷಯವನ್ನು ಕೂಲಂಕಷವಾಗಿ ಚರ್ಚಿಸಿ ಸರ್ವಾನುಮತದಿಂದ ತೀರ್ಮಾನಿಸಲಾಯಿತು" ಎಂದು ಬರೆಯುತ್ತೇನೆ. ಮುಂದಿನ ತಿಂಗಳು ಅದನ್ನೇ ಓದಿ ಹೇಳಿದಾಗ ಗುದ್ದಿದವರೂ ಹೌದೌದು, ಹಾಗೆಯೇ ಆಗಿದ್ದು ಎಂದು ತಲೆಯಾಡಿಸುತ್ತಾರೆ. ನೆನಪು ಹೇಗೆ ತಯಾರಾಗುತ್ತದೆ ಎಂಬುದು ನನಗೆ ಗೊತ್ತಿಲ್ಲದ್ದಲ್ಲ.

ನಮ್ಮ ಮನೆಯಲ್ಲೂ ಒಂದು ಪೆಟ್ಟಿಗೆ ಇತ್ತು. ಅಪ್ಪ ಭದ್ರಾವತಿಯ ಕಬ್ಬಿಣದ ಕಾರ್ಖಾನೆಯಲ್ಲಿದ್ದವರು. ಅವರು ತೀರಿಕೊಂಡು ಹನ್ನೊಂದು ವರ್ಷವಾಯಿತು. ಸೂತಕದ ದಿನಗಳೆಲ್ಲ ಮುಗಿದ ಮೇಲೆ ಅವರ ತಗಡಿನ ಪೆಟ್ಟಿಗೆ ತೆರೆದೆವು. ನಟ್ಟುಗಳು, ಬೋಲ್ಟುಗಳು (ಒಂದಕ್ಕೊಂದು ಸೇರದವು), ಅವಧಿ ಮುಗಿದ ಗೇಟ್ ಪಾಸು, ಟಾರ್ಚಿನ ಸತ್ತ ಸೆಲ್ಲುಗಳು, ರಬ್ಬರ್ ಬ್ಯಾಂಡುಗಳ ಒಂದು ಉಂಡೆ, ಮತ್ತು ಒಂದು ಕೀಲಿಕೈ. ಆಟದಲ್ಲಾಗಿದ್ದರೆ ಆ ಕೀಲಿಕೈ ಕೊನೆಯ ಕೋಣೆಯನ್ನು ತೆರೆಯುತ್ತಿತ್ತು. ನಾವು ಮನೆಯ ಬೀಗಗಳಿಗೆಲ್ಲ ಹಾಕಿ ನೋಡಿದೆವು. ಕ್ವಾರ್ಟರ್ಸಿನಲ್ಲಿ ಪಕ್ಕದ ಮನೆಯಲ್ಲಿದ್ದ ತಮಿಳಿನ ಸೆಲ್ವಿಯಕ್ಕ ಸಂತಾಪಕ್ಕೆ ಬಂದವರು, "ನಮ್ಮನೆ ಬೀರುಗೂ ಹಾಕಿ ನೋಡಿ ಕಣ್ಣು, ಯಾರಿಗೆ ಗೊತ್ತು" ಎಂದರು. ಯಾವುದಕ್ಕೂ ಹಿಡಿಯಲಿಲ್ಲ. ಈಗ ಮಂಜ ಅಂಗಡಿಯಲ್ಲಿ ರಟ್ಟಿನ ಡಬ್ಬಗಳ ಟೇಪು ಸೀಳಲು ಅದನ್ನು ಬಳಸುತ್ತಾನೆ. ಅದಕ್ಕೆ ಚೆನ್ನಾಗಿ ಹಿಡಿಯುತ್ತದೆ.

ಹೀಗಿರುವಾಗ ಕಣ್ಣು ತೋರಿಸಿಕೊಳ್ಳಲೆಂದು ಅಮ್ಮ ನಾಲ್ಕು ದಿನ ನನ್ನ ಮನೆಗೆ ಬಂದಳು. ಅವಳಿರುವುದು ಭದ್ರಾವತಿಯಲ್ಲಿ, ಮಂಜನ ಜೊತೆ. ನಾನು ಆಡುವಾಗ ಪಕ್ಕದಲ್ಲಿ ಕುರ್ಚಿ ಹಾಕಿಕೊಂಡು ಕೂತಳು. ಅವಳಿಗೆ ಕಥೆ ಅರ್ಥವಾಗಬೇಕೆಂದೇನೂ ಇರಲಿಲ್ಲ, ಮನೆ ಅರ್ಥವಾಗುತ್ತಿತ್ತು. "ಎಷ್ಟು ಧೂಳು! ಬಂದವಳು ಮೊದ್ಲು ಕಸ ಹೊಡೀಬಾರ್ದಾ?" ಎಂದಳು. "ಚಪ್ಲಿ ಹಾಕ್ಕೊಂಡೇ ಹತ್ತಿದ್ಲು ನೋಡು ಮಹಾರಾಯ್ತಿ." ಸ್ವಲ್ಪ ಹೊತ್ತಾದ ಮೇಲೆ, "ಅಷ್ಟು ಜನ ಸತ್ತಿದಾರೆ, ಅಕ್ಕಪಕ್ಕದೋರು ಒಬ್ರೂ ಒಂದು ಪಾತ್ರೆ ಅನ್ನ ತಂದು ಕೊಡಲ್ವಾ?" ನಾನು ಆ ಅಜ್ಜನ ಕೋಣೆಯ ಬಾಗಿಲು ತಳ್ಳಿದಾಗ ಮಾತ್ರ ಅವಳಿಗೆ ಸಿಟ್ಟೇ ಬಂತು. "ಏ ಶಾರಿ, ಸತ್ತೋರ ಕೋಣೆಗೆ ಹಾಗೆ ಸೀದಾ ನುಗ್ತಾರೇನೆ? ಒಂದ್ಸಲ ಕೆಮ್ಮಬಾರ್ದಾ?"

"ಕೆಮ್ಮೋಕೆ ಇದ್ರಲ್ಲಿ ಬಟನ್ ಇಲ್ಲಮ್ಮ."

"ಬಾಗ್ಲು ತೆಗಿಯೋಕೆ ಇಟ್ಟಿದಾನೆ, ಕೆಮ್ಮೋಕೆ ಇಟ್ಟಿಲ್ಲ. ಎಂಥ ಆಟ ಇದು!"

ಅವಳು ಹೇಳಿದ್ದು ನಮ್ಮ ಹಿರಿಯರ ಹಬ್ಬದ ಪದ್ಧತಿ. ಮಹಾಲಯ ಅಮಾವಾಸ್ಯೆಯ ದಿನ ಹಿರಿಯರ ಫೋಟೋ ಮುಂದೆ ಬಾಳೆ ಎಲೆ ಹಾಸಿ, ಅವರವರಿಗೆ ಇಷ್ಟವಾದದ್ದನ್ನೆಲ್ಲ ಬಡಿಸಿ ಎಡೆ ಇಡುತ್ತೇವೆ. ಆಮೇಲೆ ಬಾಗಿಲು ಎಳೆದುಕೊಂಡು ಮನೆಯವರೆಲ್ಲ ಹೊರಗೆ ನಿಲ್ಲಬೇಕು. ಹಿರಿಯರು ಬಂದು ನಿಧಾನಕ್ಕೆ ಉಣ್ಣಲಿ ಎಂದು. ಒಂದಷ್ಟು ಹೊತ್ತು ಬಿಟ್ಟು, ಗಟ್ಟಿಯಾಗಿ ಕೆಮ್ಮಿ, ಅವರು ಎದ್ದು ಹೋಗಲು ಸಮಯ ಕೊಟ್ಟು ಒಳಗೆ ಹೋಗಬೇಕು. ಆಟದಲ್ಲಿ ಬದುಕಿರುವವರು ಒಳಗೆ ನುಗ್ಗಿ ಸತ್ತವರ ಸಾಮಾನು ಕೆದಕುತ್ತಾರೆ. ನಮ್ಮಲ್ಲಿ ಸತ್ತವರಿಗೆ ಮನೆ ಬಿಟ್ಟುಕೊಟ್ಟು ಬದುಕಿರುವವರು ಮೆಟ್ಟಿಲ ಮೇಲೆ ಸೊಳ್ಳೆ ಹೊಡೆಯುತ್ತಾರೆ.

ಎಡವಟ್ಟು ಶುರುವಾದದ್ದು ಊಟದ ಮೇಜಿನಿಂದ. ಆಟದಲ್ಲಿ ನಾಲ್ಕು ಕುರ್ಚಿಯ ಒಂದು ಮೇಜು ಬರುತ್ತದೆ. ಸತ್ತ ನಾಲ್ವರಲ್ಲಿ ಯಾರಿಗೆ ಯಾವ ತಿಂಡಿ ಇಷ್ಟವೋ ಅದನ್ನು ಸರಿಯಾಗಿ ಇಟ್ಟರೆ ಮಾತ್ರ ಮುಂದಿನ ಬಾಗಿಲು. ಅಜ್ಜ ಬೇಟೆಗಾರ ಎಂದು ಯಾವುದೋ ಕಾಗದದಲ್ಲಿ ಓದಿದ್ದ ನಾನು ಅವನ ಮುಂದೆ ಹುರಿದ ಮಾಂಸ ಇಟ್ಟು ಇಟ್ಟು ಸೋತೆ. ಅಮ್ಮ, "ಆಗ್ಲೇ ಲೋಟದಲ್ಲಿ ಹಲ್ಸೆಟ್ಟು ಇತ್ತಲ್ಲೇ. ಹಲ್ಲಿಲ್ದೋನಿಗೆ ಮಾಂಸ ಇಡ್ತೀಯಲ್ಲ, ಗಂಜಿ ಇಡು" ಎಂದಳು. ಇಟ್ಟೆ; ಆಟ ಟಿಂಗ್ ಎಂದಿತು. ಗೊಂಬೆಯ ತಂಗಿಗೂ ಆ ಮನೆಯ ಅಪ್ಪನಿಗೂ ಹೇಗೋ ಹೊಂದಿತು. ಆ ಮನೆಯ ತಾಯಿಗೆ ಏನು ಇಷ್ಟವೆಂದು ಮಾತ್ರ ಯಾವ ಕಾಗದದಲ್ಲೂ ಇರಲಿಲ್ಲ. ಮೇಜಿನ ಮೇಲೆ ಉಳಿದಿದ್ದ ಒಂದು ತಟ್ಟೆಯನ್ನು ಅವಳ ಮುಂದೆ ತಳ್ಳಿದೆ. ಅದೇ ಸರಿಯಂತೆ. "ಉಳಿದದ್ದನ್ನೇ ತಾನೆ ತಿನ್ನೋದು" ಎಂದು ಅಮ್ಮ ಎದ್ದು ನೀರು ಕುಡಿಯಲು ಹೋದಳು.

ಆಗ ನನಗೆ ಹೊಳೆಯಿತು: ಅಪ್ಪನ ಎಡೆಗೆ ನಾವು ಇಡುವುದೆಲ್ಲ ಸರಿಯೇ? ಪ್ರತಿ ವರ್ಷ ನಾನು ಬೆಣ್ಣೆ ಬಿಸ್ಕತ್ತು ಒಯ್ಯುತ್ತೇನೆ. ಅದರ ಹಿಂದೆ ನನ್ನದೊಂದು ನೆನಪಿದೆ. ಕಾರ್ಖಾನೆಯ ಸೈರನ್ ಆಗುತ್ತದೆ, ಅಪ್ಪನ ಸೈಕಲ್ಲು ಕ್ವಾರ್ಟರ್ಸಿನ ಬೀದಿಗೆ ತಿರುಗುತ್ತದೆ, ಹ್ಯಾಂಡಲಿಗೆ ನೇತುಹಾಕಿದ ಚೀಲದಲ್ಲಿ ಜಿಡ್ಡಿನ ಕಲೆಯ ಕಾಗದದ ಪೊಟ್ಟಣ. ಒಂದು ಬಿಸ್ಕತ್ತನ್ನು ಎರಡು ಮಾಡಿ, ಸಣ್ಣ ತುಂಡನ್ನು ಬಾಯಿಗಿಟ್ಟು, ಕಣ್ಣು ಮುಚ್ಚಿ, ಅಗಿಯದೆ ಕರಗಿಸುವ ಒಂದು ಮುಖ. ಎಂಥ ಚೆಂದದ ನೆನಪು! ಅಷ್ಟು ಚೆಂದವಾಗಿದೆ ಎಂಬುದೇ ಈಗ ನನಗೆ ಕಿರಿಕಿರಿಯಾಯಿತು. ಮಂಜನಿಗೆ ಫೋನು ಮಾಡಿದೆ.

"ಅಪ್ಪ ಬಿಸ್ಕತ್ತು ತಿಂದಿದ್ದು ನಾನು ನೋಡೇ ಇಲ್ಲಕ್ಕ" ಎಂದ ಅವನು. "ಅಪ್ಪಂಗೆ ಪ್ರಾಣ ಅಂದ್ರೆ ಒಣಮೀನು."

"ಒಣಮೀನು ನಿಂಗೆ ಪ್ರಾಣ ಕಣೋ."

"ಬಿಸ್ಕತ್ತು ನಿಂಗೆ."

ಅಮ್ಮನನ್ನು ಕೇಳಿದರೆ ಅವಳು ಬೇರೆ ಕಡೆ ನೋಡುತ್ತಾ, "ಇಷ್ಟ ಇತ್ತು, ಇಡು ಅತ್ಲಾಗೆ. ವರ್ಷ ವರ್ಷ ಇಡೋದನ್ನ ಯಾಕೆ ತಪ್ಪಿಸ್ತೀಯ?" ಎಂದಳು. ಸಾಕ್ಷಿ ಹೇಳುವವರು ಬೇರೆ ಕಡೆ ನೋಡಿದರೆ ನನ್ನಂಥ ನಡಾವಳಿಯವಳಿಗೆ ಅಷ್ಟೇ ಸಾಕು. ಸಾಬೀತಾಗದ ನೆನಪನ್ನು ಎಲೆಯ ಮೇಲೆ ಬಡಿಸಬಾರದು ಎಂದು ನಿರ್ಧರಿಸಿದೆ. ಕೋಳಿ ಸಾರು, ಮುದ್ದೆ, ಒಂದು ಕಟ್ಟು ಬೀಡಿ ಇವಕ್ಕೆ ಮೂವರೂ ಸಾಕ್ಷಿ. ಒಣಮೀನಿಗೆ ಒಬ್ಬನೇ ಸಾಕ್ಷಿ, ಆದರೂ ಅಡುಗೆ ನಡೆಯುವುದು ಅವನ ಮನೆಯಲ್ಲಿ. ಬಿಸ್ಕತ್ತು ರದ್ದಾಯಿತು.

ಅಮಾವಾಸ್ಯೆಯ ಬೆಳಿಗ್ಗೆ ಭದ್ರಾವತಿಯಲ್ಲಿ ಬಸ್ಸಿಳಿದು ಮನೆಗೆ ಹೋದೆ. ಅಮ್ಮ ನನ್ನ ಮುಖ ನೋಡುವ ಮೊದಲು ನನ್ನ ಚೀಲ ನೋಡಿದಳು. ಹೂವು ತೆಗೆದಳು, ಹಣ್ಣು ತೆಗೆದಳು, ತಳದಲ್ಲಿ ಕೈಯಾಡಿಸಿದಳು. "ಬಿಸ್ಕತ್ತೆಲ್ಲೇ?" ನಾನು ನೆನಪಿನ ವಿಶ್ವಾಸಾರ್ಹತೆಯ ಬಗ್ಗೆ ನಾಲ್ಕು ಮಾತು ಆಡಿದೆ. ಅವಳು ಪೂರ್ತಿ ಕೇಳಿ, "ಸರಿ" ಎಂದು ಒಳಗೆ ಹೋಗಿ ಮುದ್ದೆ ತಿರುವಿದಳು. ಆ "ಸರಿ"ಯ ಸದ್ದು ನನಗೆ ಹಿಡಿಸಲಿಲ್ಲ. ಎಡೆ ಇಡುವಾಗ ಎಲೆಯ ತುದಿಯಲ್ಲಿ ಬಿಸ್ಕತ್ತು ಇಡುತ್ತಿದ್ದ ಜಾಗವನ್ನು ಖಾಲಿ ಬಿಟ್ಟಳು. ಮಂಜ ಅಲ್ಲಿಗೆ ಇನ್ನೊಂದು ಒಣಮೀನು ಸರಿಸಲು ಹೋದಾಗ ಅವನ ಕೈ ಮೇಲೆ ಒಂದೇಟು ಕೊಟ್ಟಳು.

ಬಾಗಿಲು ಎಳೆದುಕೊಂಡು ಮೂವರೂ ಮೆಟ್ಟಿಲ ಮೇಲೆ ಕೂತೆವು. ಬಿಸಿಲು ಏರುತ್ತಿತ್ತು. ತಡೆಯಲಾಗದೆ ಕೇಳಿದೆ: "ಅಮ್ಮ, ನಿಜ ಹೇಳು. ಅಪ್ಪ ಬೆಣ್ಣೆ ಬಿಸ್ಕತ್ತು ತಿಂತಿದ್ರಾ?"

"ಅವ್ರೆಲ್ಲಿ ತಿಂತಿದ್ರು? ಬೆಣ್ಣೆ ವಾಸ್ನೆನೇ ಆಗ್ತಿರ್ಲಿಲ್ಲ. ಹ್ಯಾಂಡಲಿಗೆ ನೇತಾಕ್ಕೊಂಡು ದೂರ ಇಟ್ಕೊಂಡು ತರ್ತಿದ್ದದ್ದೇ ಅದಕ್ಕೆ."

"ಮತ್ತೆ ಯಾರಿಗೆ ತರ್ತಿದ್ರು?"

ಅಮ್ಮ ಸೆರಗಿನ ಅಂಚು ಸರಿಮಾಡಿಕೊಂಡಳು. "ಇವನು ಹೊಟ್ಟೇಲಿದ್ದಾಗ ನಂಗೆ ಏನೂ ಸೇರ್ತಿರ್ಲಿಲ್ಲ. ಆಗ ಶುರು ಮಾಡಿದ್ರು. ಆಮೇಲೆ ಬಿಡ್ಲೇ ಇಲ್ಲ. ನೀವಿಬ್ರು ಮುತ್ಕೊಂಡು ತಿಂದು, ಉಳಿದ್ರೆ ನಂಗೊಂದು."

ಹನ್ನೊಂದು ವರ್ಷ ಆ ಮನುಷ್ಯನಿಗೆ ವಾಸನೆ ಆಗದ್ದನ್ನು ತಂದು ಭಕ್ತಿಯಿಂದ ಮುಂದಿಟ್ಟಿದ್ದೇನೆ. "ಇಷ್ಟು ವರ್ಷ ಯಾಕಮ್ಮ ಹೇಳ್ಲಿಲ್ಲ?"

"ಯಾಕೆ ಹೇಳ್ಲಿ? ಎಡೆ ಆದ್ಮೇಲೆ ಕೋಳಿಗೆ ನೀವಿಬ್ರು ಬೀಳ್ತೀರಿ. ಬಿಸ್ಕತ್ತು ನಂಗೇ ಉಳಿಯುತ್ತೆ. ಅವ್ರಿಗೂ ಗೊತ್ತಾಗುತ್ತೆ ಇದು ಯಾರಿಗೆ ಅಂತ, ಮುಟ್ದೇನೇ ಬಿಟ್ಟು ಹೋಗ್ತಾರೆ."

"ತಂದ್ಕೊಡು ಅಂತ ಬಾಯ್ಬಿಟ್ಟು ಕೇಳ್ಬಾರ್ದಿತ್ತಾ?"

"ಕೇಳಿ ತಿನ್ನೋ ಬಿಸ್ಕತ್ತು ರುಚಿ ಇರುತ್ತೇನೇ? ಅವ್ರು ಕೇಳ್ದೆ ತರ್ತಿದ್ರು" ಎಂದಳು ಅಮ್ಮ.

ಮಂಜ ಆಗಲೇ ಸ್ಕೂಟರ್ ಒದೆಯುತ್ತಿದ್ದ. ಹೋದವನು ಹತ್ತು ನಿಮಿಷದಲ್ಲಿ ಪೊಟ್ಟಣ ಹಿಡಿದು ಬಂದ. ಈಗ ಇನ್ನೊಂದು ಸಮಸ್ಯೆ: ಒಳಗೆ ಅಪ್ಪ ಊಟಕ್ಕೆ ಕೂತಿದ್ದಾರೆ, ಇದನ್ನು ಎಲೆಗೆ ಬಡಿಸುವುದು ಹೇಗೆ? "ಒಳಗ್ಯಾಕೆ? ಇಲ್ಲಿ ಕೊಡು" ಎಂದಳು ಅಮ್ಮ. ಪೊಟ್ಟಣ ಬಿಚ್ಚಿ, ಒಂದು ಬಿಸ್ಕತ್ತನ್ನು ಎರಡು ಮಾಡಿ, ಸಣ್ಣ ತುಂಡನ್ನು ಬಾಯಿಗಿಟ್ಟು, ಕಣ್ಣು ಮುಚ್ಚಿಕೊಂಡಳು. ಅಗಿಯಲಿಲ್ಲ.

ಆ ಮುಖ ನನಗೆ ಗೊತ್ತಿತ್ತು. ಇಷ್ಟು ವರ್ಷ ಅದಕ್ಕೆ ಅಪ್ಪನ ಮೀಸೆ ಅಂಟಿಸಿಟ್ಟುಕೊಂಡಿದ್ದೆ, ಅಷ್ಟೆ.

ಒಳಗೆ ಹೋಗುವ ಹೊತ್ತಾಯಿತು. ಪ್ರತಿ ವರ್ಷ ಕೆಮ್ಮುವವಳು ಅಮ್ಮ. ಅವಳ ಬಾಯಿ ತುಂಬಿತ್ತು. ನನ್ನ ಕಡೆ ಕೈ ತೋರಿಸಿದಳು. ನಾನು ಸಭೆಯಲ್ಲಿ ಅಧ್ಯಕ್ಷರ ಗಮನ ಸೆಳೆಯಲು ಕೆಮ್ಮುವಂತೆ ಸಣ್ಣಗೆ ಕೆಮ್ಮಿದೆ. ಜೋರಾಗಿ, ಎಂದು ಕೈಯಲ್ಲೇ ಸನ್ನೆ ಮಾಡಿದಳು. ಜೋರಾಗಿ ಕೆಮ್ಮಿದೆ, ಗಂಟಲಿಗೆ ಏನೋ ಸಿಕ್ಕಿಕೊಂಡು ನಿಜವಾದ ಕೆಮ್ಮೇ ಹತ್ತಿ ಕಣ್ಣಲ್ಲಿ ನೀರು ಬಂತು. ಬಿಸ್ಕತ್ತು ನುಂಗಿಕೊಂಡು ಅಮ್ಮ, "ಸಾಕು ಮಾರಾಯ್ತಿ, ಪಕ್ಕದ್ಮನೆ ಹಿರಿಯರೂ ಎದ್ದು ಹೋಗ್ತಾರೆ" ಎಂದಳು. ಒಳಗೆ ಎಲ್ಲ ಇಟ್ಟಂತೆಯೇ ಇತ್ತು. ನಾನು ಚಾಳಿಯಿಂದ ಬೀಡಿ ಕಟ್ಟು ಮುಟ್ಟಿ ನೋಡಿದೆ. ಯಾವ ದನಿಯೂ ಬರಲಿಲ್ಲ. ಮಂಜ ಸೀದಾ ಒಣಮೀನಿಗೆ ಕೈಹಾಕಿದ.

ಇಲ್ಲಿಗೆ ಮುಗಿಸಿದ್ದರೆ ಚೆನ್ನಾಗಿತ್ತು. ಆದರೆ ಬರೆದದ್ದನ್ನು ಒಮ್ಮೆ ಓದಿ ಹೇಳಿ ದೃಢಪಡಿಸಿಕೊಳ್ಳುವುದು ನಮ್ಮ ಕೆಲಸದ ರೂಢಿ. ಫೋನಿನಲ್ಲಿ ಮಂಜನಿಗೆ ಓದಿದೆ. ಎಲ್ಲ ಕೇಳಿ, "ಚೆನ್ನಾಗಿದೆ. ಆದ್ರೆ ನಾನು ತಂದಿದ್ದು ಬೆಣ್ಣೆ ಬಿಸ್ಕತ್ತಲ್ಲಕ್ಕ. ಅಮಾಸೆ ಅಂತ ಅದು ಸಿಗೋ ಬೇಕರಿ ಬಾಗ್ಲು ಹಾಕಿತ್ತು. ಬೇರೆ ಕಡೆ ಕೊಬ್ರಿ ಬಿಸ್ಕತ್ತು ಸಿಕ್ತು" ಎಂದ.

"ಮತ್ತೆ ಅಮ್ಮ ಕಣ್ಣು ಮುಚ್ಚಿದ್ದು?"

"ಬಿಸ್ಲು ಹೊಡೀತಿತ್ತಲ್ಲ, ಮುಖಕ್ಕೆ."

ಅಮ್ಮನಿಗೆ ಫೋನು ಕೊಡು ಎಂದೆ. "ಯಾವ ಬಿಸ್ಕತ್ತೋ, ನಂಗೆಲ್ಲಿ ನೆನಪಿರುತ್ತೆ?" ಎಂದಳು ಅವಳು. "ಭಾನುವಾರ ಬರ್ತೀಯಲ್ಲ?"

"ಬರ್ತೀನಿ. ಏನಾದ್ರೂ ತರ್ಲಾ?"

"ಏನೂ ಬೇಡ."

ವಿಷಯವನ್ನು ಕೂಲಂಕಷವಾಗಿ ಚರ್ಚಿಸಿ, ಎರಡೂ ಬಗೆಯ ಬಿಸ್ಕತ್ತುಗಳನ್ನು ಒಯ್ಯುವುದೆಂದು ಸರ್ವಾನುಮತದಿಂದ ತೀರ್ಮಾನಿಸಲಾಯಿತು.