ಕುಂಕುಮ ಹಚ್ಚಿದ ಕ್ಯಾಸೆಟ್

ಹಾಸ್ಯ ಕಾರ್ಯಕ್ರಮ ಗೆಲ್ಲುವುದು ಎಡಿಟರನ ಕೈಯಲ್ಲಿ ಎಂದು ಆಗ ಶಹಾಪುರದಲ್ಲಿ ಎಲ್ಲರೂ ನಂಬಿದ್ದರು. ಎಡಿಟರ್ ನಾನೇ ಆಗಿದ್ದರಿಂದ ತಿದ್ದಲು ಹೋಗಲಿಲ್ಲ.

ಕಾಲುವೆಗೆ ನೀರು ಬಂದು, ಭತ್ತ ಬೆಳೆದು, ಮನೆಮನೆಗೆ ಟಿವಿ ಬಂದಿದ್ದ ಕಾಲ. ಗೊಬ್ಬರದಂಗಡಿಯ ಮೇಲಿನ ಕೋಣೆಯಲ್ಲಿ ನಮ್ಮ ಕೇಬಲ್ ಚಾನೆಲ್. ಅಂಗಡಿಗೂ ಚಾನೆಲ್‌ಗೂ ಒಬ್ಬರೇ ಮಾಲಕರು. ಗೆಲುವು ಎಡಿಟರನದಾದರೆ ಸೋಲೂ ಅವನದೇ ತಾನೆ? ಜನ ನಗುವುದನ್ನು ಬಿಟ್ಟಾಗ ಮಾಲಕರು ನನ್ನನ್ನೇ ಕರೆಸಿದರು.

"ದಸರಾ ಕಂತಿಗೂ ಮಂದಿ ನಗಲಿಲ್ಲಂದ್ರ ಬ್ಯಾರೆ ಎಡಿಟರನ್ನ ನೋಡಬೇಕಾಗ್ತದ್ರಿ ಸರ."

ಎಂ.ಎ. ಮಾಡಿದ್ದ ನನಗೆ ಊರಲ್ಲಿ ಬೇರೆ ಕೆಲಸ ಕಾದಿರಲಿಲ್ಲ.

1

ಪಕ್ಕದ ಮನೆಯ ಟೀಚರಮ್ಮ ಒಮ್ಮೆ ಕೇಳಿದರು: "ನೀವು ಟಿವ್ಯಾಗ ಏನ್ ಮಾಡ್ತೀರ್ರಿ? ಒಮ್ಮಿನೂ ಕಾಣಂಗಿಲ್ಲ."

"ನಗು ಬರಲಾರದ್ದನ್ನೆಲ್ಲ ಕತ್ತರಿಸಿ ಒಗೀತೀನ್ರಿ."

ಅವರು ನಮ್ಮ ಕಾರ್ಯಕ್ರಮ ತಪ್ಪದೆ ನೋಡುವವರು. ಸ್ವಲ್ಪ ಯೋಚಿಸಿ ಹೇಳಿದರು: "ಹೌದಾ? ಯಾವಾಗಿಂದ ಸುರು ಮಾಡವ್ರಿದ್ದೀರಿ?"

2

ಮಾವನ ಪಾತ್ರ ಮಾಡುತ್ತಿದ್ದವನು ಒಬ್ಬ ರೈತ. ಅರ್ಧ ದೃಶ್ಯ ಮುಗಿದಿತ್ತು. ಹೊರಗಿನಿಂದ ಯಾರೋ ಕೂಗಿದರು: "ನಿಮ್ಮ ಪಾಳಿ ಬಂತು! ನೀರು ಬಿಟ್ಟಾರ!" ಕಾಲುವೆಯ ಪಾಳಿ ತಪ್ಪಿದರೆ ಮತ್ತೆ ಎಂಟು ದಿನ ನೀರಿಲ್ಲ. ಅಂಟಿಸಿದ ಮೀಸೆಯೊಡನೆಯೇ ಆತ ಗದ್ದೆಗೆ ಓಡಿದ.

ಹಿಂದಿನ ವಾರಗಳಲ್ಲಿ ಆತ ಆಕಳಿಸಿದ್ದು, ಕಿವಿ ಕೆರೆದುಕೊಂಡದ್ದು, ನೊಣ ಓಡಿಸಿದ್ದು ಎಲ್ಲ ಹುಡುಕಿ ಜೋಡಿಸಿ, ಅಳಿಯನ ಮಾತಿಗೆ ಉತ್ತರವಾಗಿಸಿ ದೃಶ್ಯ ಮುಗಿಸಿದೆ. ನನ್ನ ವೃತ್ತಿಜೀವನದ ದೊಡ್ಡ ಸಾಧನೆ ಅದೇ ಎಂದುಕೊಂಡಿದ್ದೆ.

ಪ್ರಸಾರವಾದ ಮರುದಿನ ಆತ ಬಂದ. "ನೋಡಿದೆ ಸರ. ನಾ ಇಲ್ಲದ ಕಡೀಗೇ ಭಾಳ ಛಲೋ ಮಾಡೀನಲ್ಲ!"

3

ದಸರಾ ಕಂತಿಗೆ ಮೂರು ದಿನ ಕೂತೆ. ಒಂದು ತಾಸಿನ ಚಿತ್ರೀಕರಣವನ್ನು ಇಪ್ಪತ್ತು ನಿಮಿಷಕ್ಕೆ ಇಳಿಸಿ ಬೇರೆ ಕ್ಯಾಸೆಟ್‌ಗೆ ಹಾಕಿದೆ; ಮೂಲದ್ದು ಕಪಾಟಿಗೆ ಹೋಯಿತು. ಎಡಿಟಿಂಗ್ ಮುಗಿದ ಕ್ಯಾಸೆಟ್‌ಗೆ ಮಾಲಕರು ಕುಂಕುಮ ಹಚ್ಚುವುದು ವಾಡಿಕೆ. ಕುಂಕುಮ ಇದ್ದದ್ದನ್ನೇ ಆಪರೇಟರ್ ಪ್ರಸಾರಕ್ಕೆ ಹಾಕುತ್ತಿದ್ದ; ಮೇಲಿನ ಚೀಟಿ ಓದುವ ಗೋಜಿಗೆ ಹೋಗುತ್ತಿರಲಿಲ್ಲ. ದಸರಾ ಕಂತಿನ ಕ್ಯಾಸೆಟ್‌ಗೂ ಹಚ್ಚಿಸಿ, ನಾನು ಸುರಪುರದ ಅಕ್ಕನ ಮನೆಗೆ ಹಬ್ಬಕ್ಕೆ ಹೋದೆ. ಅಲ್ಲಿಗೆ ನಮ್ಮ ಕೇಬಲ್ ಇರಲಿಲ್ಲ.

ಮರಳಿ ಬಂದಾಗ ಬಸ್‌ಸ್ಟ್ಯಾಂಡಿನಲ್ಲೇ ಇಬ್ಬರು ಕೈ ಕುಲುಕಿದರು. ಮಾಲಕರು ಎದ್ದು ಬಂದು ತಬ್ಬಿಕೊಂಡರು.

"ಏನ್ ಕೈರಿ ನಿಮ್ದು! ಅಳಿಯನ ಪಾರ್ಟಿನಂವ ಮಾತು ಮರತು ನಾಕು ಸಲ ಅದೇ ಬಾಗಲದಿಂದ ಬಂದದ್ದು, ಕ್ಯಾಮರಾದಂವ 'ಏ ಕತ್ತಿ, ಈ ಕಡಿ ನೋಡೋ' ಅಂತ ಬೈದದ್ದು... ನಮ್ಮವ್ವ ನಕ್ಕೂ ನಕ್ಕೂ ಗೋಡಿ ಹಿಡದು ಕುಂತಳ್ರಿ! ಇನ್ನ ನೀವು ಎಲ್ಲೂ ಹೋಗೂದು ಬ್ಯಾಡ."

ಬೈಗುಳವನ್ನು ನಾನು ಮೊದಲ ದಿನವೇ ಕತ್ತರಿಸಿದ್ದೆ. ನಾಲ್ಕು ಸಲದಲ್ಲಿ ಮೂರನ್ನೂ.

ಮೇಲೆ ಹೋದೆ. ಆಯುಧಪೂಜೆ ಭರ್ಜರಿಯಾಗಿ ನಡೆದಿತ್ತು. ಟಿವಿಗೆ, ಫ್ಯಾನಿಗೆ, ಸ್ಟೂಲಿಗೆ, ಕಪಾಟಿನ ಅಷ್ಟೂ ಕ್ಯಾಸೆಟ್‌ಗಳಿಗೆ ಕುಂಕುಮ.

ಪ್ರಸಾರವಾದದ್ದು ನಾನು ಕತ್ತರಿಯನ್ನೇ ಹಾಕದ ಕ್ಯಾಸೆಟ್.