ಸ್ಯಾಂಟೊ ಡೊಮಿಂಗೊದಲ್ಲಿ ಭಾವನ ಕರ್ಚೀಫು

ನಮ್ಮ ಭಾವನಿಗೆ ಮೂರು ಖಂಡಗಳಲ್ಲಿ ಜಾಗವಿದೆ. ಹೊಟ್ಟೆಕಿಚ್ಚು ಪಡಬೇಡಿ, ಸೈಟು, ಬಂಗಲೆ ಅಂತ ಅಲ್ಲ. ಒಂದು ಕರ್ಚೀಫಿನ ಅಗಲದಷ್ಟು ಜಾಗ. ಅದೂ ಅವರು ಕರ್ಚೀಫು ಎತ್ತಿಕೊಳ್ಳುವವರೆಗೆ ಮಾತ್ರ!

ಮೈಸೂರಿನ ಬಸ್ ಸ್ಟ್ಯಾಂಡ್ ನೋಡಿದವರಿಗೆ ಬಿಡಿಸಿ ಹೇಳಬೇಕಾಗಿಲ್ಲ. ಬಸ್ಸು ಇನ್ನೂ ತಿರುಗುತ್ತಿರುವಾಗಲೇ ಜೊತೆಯಲ್ಲಿ ಓಡಿ, ಕಿಟಕಿಯಿಂದ ಟವೆಲ್ಲೋ ಕರ್ಚೀಫೋ ಒಳಗೆಸೆದರೆ ಆ ಸೀಟು ನಿಮ್ಮದು. ಯಾವ ರಿಜಿಸ್ಟ್ರಾರೂ ಬೇಕಿಲ್ಲ, ಸಾಕ್ಷಿಯೂ ಬೇಕಿಲ್ಲ. ಮೈಸೂರು–ಮಂಡ್ಯ ದಾರಿಯಲ್ಲಿ ಈ ವಿದ್ಯೆಗೆ ನಮ್ಮ ಭಾವನೇ ಗುರು. ಆಮೇಲೆ ಇಂಜಿನಿಯರ್ ಕೆಲಸ ಸಿಕ್ಕಿ, ಅಕ್ಕನನ್ನು ಕರೆದುಕೊಂಡು ನ್ಯೂಜಿಲೆಂಡಿನ ಪಾಮರ್ಸ್ಟನ್ ನಾರ್ತಿಗೆ ಬಂದರು. ಕರ್ಚೀಫೂ ಬಂತು. ಇಲ್ಲಿನ ವಿಮಾನ ನಿಲ್ದಾಣದಲ್ಲಿ ಷೂ ಅಡಿಯ ಮಣ್ಣು ಕೆರೆದು ನೋಡ್ತಾರೆ, ಉಪ್ಪಿನಕಾಯಿ ಬಾಟಲಿ ಅಲ್ಲಾಡಿಸಿ ನೋಡ್ತಾರೆ. ಇಷ್ಟು ದೊಡ್ಡ ಪಿಡುಗು ಮಡಿಸಿ ಜೇಬಿನಲ್ಲಿ ಕೂತಿದ್ದದ್ದು ಮಾತ್ರ ಯಾರ ಕಣ್ಣಿಗೂ ಬೀಳಲಿಲ್ಲ!

ಒಂದು ಸಲ ಇದೇ ದೇಶದ ಪಾಪಕುರಾದ ನಮ್ಮ ಮನೆಗೆ ಬಂದಿದ್ದರು. ಸಿಟಿಗೆ ಹೋಗೋಣ ಅಂತ ಸ್ಟೇಷನ್ನಿಗೆ ಹೋದೆವು. ರೈಲು ಖಾಲಿ. ಖಾಲಿ ಎಂದರೆ ಒಳಗೆ ಪೆಂಡಾಲ್ ಹಾಕಿ ಮದುವೆ ಮಾಡಬಹುದು, ಅಷ್ಟು ಖಾಲಿ. ನಾನು ಹೋಗಿ ಆರಾಮಾಗಿ ಕೂತೆ. ಭಾವ? ಓಡಿಬಂದು ಬಾಗಿಲ ಪಕ್ಕದ ಸೀಟಿಗೆ ಕರ್ಚೀಫು ಹಾಕಿ, ಹಿಂದೆ ನಿಧಾನಕ್ಕೆ ಬರುತ್ತಿದ್ದ ಅಕ್ಕನನ್ನು ಕರೆತರಲು ಮತ್ತೆ ಕೆಳಗಿಳಿದರು. ಅಷ್ಟರಲ್ಲಿ ಸ್ಕೂಲು ಯೂನಿಫಾರ್ಮಿನ ಹುಡುಗಿಯೊಬ್ಬಳು, ಪಾಪ ಒಳ್ಳೆಯ ಮನೆಯ ಮಗು, ಕರ್ಚೀಫು ಎತ್ತಿಕೊಂಡು ಓಡಿಹೋಗಿ "ಅಂಕಲ್, ಯು ಡ್ರಾಪ್ಡ್ ದಿಸ್" ಅಂತ ಅವರ ಕೈಗಿಟ್ಟು ವಾಪಸ್ ಹಾರಿ ಒಳಗೆ ಬಂದಳು. ಬಾಗಿಲು ಮುಚ್ಚಿಕೊಂಡಿತು. ಪ್ಲಾಟ್‌ಫಾರಮ್ಮಿನಲ್ಲಿ ಭಾವ, ಅಕ್ಕ, ಕರ್ಚೀಫು. ಖಾಲಿ ರೈಲಿನಲ್ಲಿ ನಾನು! ಈ ದೇಶದ ಸಭ್ಯತೆಯಿಂದ ನಮಗಾದಷ್ಟು ತೊಂದರೆ ಬೇರೆ ಯಾರಿಗೂ ಆಗಿರಲಾರದು.

ಇಂಥವರ ಜೊತೆ ಕೆರಿಬಿಯನ್ನಿಗೆ ಹೋಗುವ ಯೋಗ ನನ್ನ ಹಣೆಯಲ್ಲಿ ಬರೆದಿತ್ತು. ಟೊರಾಂಟೊದಲ್ಲಿರುವ ಭಾವನ ತಮ್ಮ ತನ್ನ ಮಗಳ ಮದುವೆಯನ್ನು ಡೊಮಿನಿಕನ್ ರಿಪಬ್ಲಿಕ್ಕಿನ ಸಮುದ್ರ ದಂಡೆಯ ರೆಸಾರ್ಟಿನಲ್ಲಿ ಮಾಡಿದ. ಮಾಂಗಲ್ಯಧಾರಣೆಯ ಹೊತ್ತಿಗೆ ಗಾಳಿಗೆ ಅಕ್ಷತೆಯೆಲ್ಲ ಹಾರಿ, ಪಕ್ಕದಲ್ಲಿ ಬಿಸಿಲಿಗೆ ಮೈ ಕಾಯಿಸಿಕೊಳ್ಳುತ್ತಿದ್ದ ಕೆನಡಾದವರಿಗೆ ಆಶೀರ್ವಾದವಾಯಿತು. ಮಾರನೆಯ ದಿನ ಎಲ್ಲರಿಗೂ ಬಿಡುವು. ನನ್ನ ಯಜಮಾನರು ಬಫೆ ಬಿಟ್ಟು ಕದಲಲ್ಲ ಎಂದರು. ಅಕ್ಕ ಮಾತ್ರ, "ಸ್ಯಾಂಟೊ ಡೊಮಿಂಗೊ ನೋಡದೆ ನಾನು ವಿಮಾನ ಹತ್ತಲ್ಲ" ಅಂತ ಕೂತಳು.

ಕಾರಣವಿದೆ. ಅಕ್ಕ ಮೈಸೂರಿನ ಹೈಸ್ಕೂಲಿನಲ್ಲಿ ಸಮಾಜ ಪಾಠ ಹೇಳುತ್ತಿದ್ದವಳು. ಇಂಡಿಯಾ ಹುಡುಕಲು ಹೊರಟು, ದಾರಿ ತಪ್ಪಿ, ತಪ್ಪಿದ್ದನ್ನು ಕೊನೆಯವರೆಗೂ ಒಪ್ಪದ ಆ ನಾವಿಕನ ಕಥೆಯನ್ನು ವರ್ಷ ವರ್ಷವೂ ಸೀಮೆಸುಣ್ಣದಲ್ಲಿ ಸಮುದ್ರ ಬರೆದು ಹೇಳಿದವಳು. ಆತನ ಕಡೆಯವರು ಕಟ್ಟಿದ ಊರು ಇದು. ಅಲ್ಲಿ 'ಹೆಂಗಸರ ಬೀದಿ' ಅಂತ ಒಂದಿದೆ. ಗವರ್ನರ್ ಮನೆಯ ಹೆಂಗಸರು ಸಂಜೆ ಹೊತ್ತು ಗೌನು ಎಳೆದುಕೊಂಡು ಓಡಾಡುತ್ತಿದ್ದ ಕಲ್ಲುಹಾಸಿನ ಬೀದಿ. "ಆ ಬೀದೀಲಿ ಈ ತುದಿಯಿಂದ ಆ ತುದಿಗೆ ನಾನೊಂದು ಸಲ ನಡೀಬೇಕು ಕಣೇ" ಎಂದಳು. ನಡೆಯಬೇಕಂತೆ! ಮಂಡಿ ಆಪರೇಷನ್ನಿಗೆ ಆಸ್ಪತ್ರೆಯ ಸಾಲಿನಲ್ಲಿ ಹೆಸರು ಬರೆಸಿ ಕಾಯುತ್ತಿರುವವಳು!

ಅಕ್ಕನ ಸ್ವಭಾವ ಹೇಳಿಬಿಡುತ್ತೇನೆ. ನೋವಾ ಅಂತ ಕೇಳಬಾರದು. ಕೂತ್ಕೋ ಅಂತ ಹೇಳಿದರಂತೂ ಮುಗಿಯಿತು, ಎದ್ದು ಇನ್ನೆರಡು ಸುತ್ತು ಜಾಸ್ತಿ ಹಾಕುತ್ತಾಳೆ. ಪಾಮರ್ಸ್ಟನ್ ನಾರ್ತ್ ದೋಸೆ ಕಾವಲಿಯಂತೆ ಚಪ್ಪಟೆ ಊರು, ಅಲ್ಲಿ ಈ ಜಂಬ ನಡೆಯುತ್ತದೆ. ಇಲ್ಲಿ?

ಟೂರು ಗೊತ್ತುಮಾಡಿದ್ದು ನಾನು. ಗ್ಯಾರೇಜಿನಲ್ಲಿ ರವೆ, ಮೆಂತ್ಯ ಮಾರುತ್ತಾ ಶುರುಮಾಡಿ ಪಾಪಕುರಾದಲ್ಲಿ ಸ್ವಂತ ಅಂಗಡಿ ಮಾಡಿದವಳು ನಾನು. ಹೇಳಿದ ರೇಟಿಗೆ ಈ ಜನ್ಮದಲ್ಲಿ ಏನನ್ನೂ ಕೊಂಡಿಲ್ಲ. ನನ್ನ ಮಾತು ಕೇಳಿ: ರೆಸಾರ್ಟಿನ ಕೌಂಟರಿನಲ್ಲಿ ಟೂರು ಕೇಳುವಾಗ ಕೈಯಲ್ಲಿ ಬೇರೆ ಕಂಪನಿಯ ಕರಪತ್ರ ಹಿಡಿದುಕೊಂಡು ನಿಲ್ಲಿ. ಓದಬೇಕಾಗಿಲ್ಲ, ಬೀಸಿಕೊಂಡರೆ ಸಾಕು. ನಮಗೆ ಊಟವೂ ಸೇರಿ ಒಳ್ಳೆಯ ರೇಟೇ ಸಿಕ್ಕಿತು.

ಬೆಳಿಗ್ಗೆ ಬಸ್ಸು ಬಂತು. ಎ.ಸಿ. ಬಸ್ಸು, ಕಿಟಕಿ ತೆರೆಯುವುದಿಲ್ಲ. ಭಾವ ಒಂದು ಕ್ಷಣ ದಿಕ್ಕೆಟ್ಟರು. ಮರುಕ್ಷಣ ಡ್ರೈವರನ ತೋಳಿನ ಕೆಳಗೆ ನುಸುಳಿ ಮುಂದಿನ ಸೀಟಿನ ಮೇಲೆ ಕರ್ಚೀಫು! ಸೀಟುಗಳಿಗೆಲ್ಲ ಮೊದಲೇ ನಂಬರಿತ್ತು ಎಂಬುದು ಅವರಿಗೆ ಸಂಬಂಧಪಟ್ಟ ವಿಷಯವಲ್ಲ. ಆ ಸೀಟಿನ ನಿಜವಾದ ಒಡೆಯ, ಆರಡಿ ಎತ್ತರದ ಜರ್ಮನ್ ಮನುಷ್ಯ, ಕರ್ಚೀಫನ್ನು ನೋಡಿದ, ಭಾವನನ್ನು ನೋಡಿದ, ಸುಮ್ಮನೆ ಹಿಂದೆ ಹೋದ.

"ರೀ, ನಾಚಿಕೆ ಆಗಲ್ವಾ ನಿಮಗೆ?" ಎಂದಳು ಅಕ್ಕ.

"ಹಾಕಿದ್ದಾಯ್ತಲ್ಲ, ಇನ್ನೇನು ಮಾಡೋಕಾಗುತ್ತೆ?"

"ಇವರ ಕೈಲಿ ಮಾನ ಉಳಿಯಲ್ಲ" ಎಂದು ಬೈಯುತ್ತಲೇ ಅಕ್ಕ ಕಾಲು ಚಾಚಿ ಕೂತಳು.

ಗೈಡು ಅಲ್ಲಿಯವನೇ, ಹಳದಿ ಕೊಡೆ, ನಗುಮುಖ. ಮೈಕು ಹಿಡಿದು ಹೇಳಿದ: "ನಡೆಯೋದು ಜಾಸ್ತಿ ಇದೆ, ಕಲ್ಲಿನ ದಾರಿ. ಆಗದವರು ಚೌಕದ ಕೆಫೆಯಲ್ಲಿ ಕೂತಿರಿ, ವಾಪಸ್ ಬರುವಾಗ ಕರೆದುಕೊಳ್ತೀನಿ." ಹೇಳುತ್ತಾ ಅಕ್ಕನ ಕಾಲಿನ ಕಡೆಗೇ ನೋಡಿದ. ಅಕ್ಕ ಕಿಟಕಿಯ ಕಡೆ ತಿರುಗಿ, "ಕೆಫೇಲಿ ಕೂರೋಕೆ ಪಾಮರ್ಸ್ಟನ್ ನಾರ್ತ್ ಸಾಲದಾಗಿತ್ತಾ?" ಎಂದು ಕನ್ನಡದಲ್ಲಿ ಗೊಣಗಿದಳು.

ಮೊದಲು ಹಳೆಯ ಚರ್ಚು. ಆ ಕಡೆಯ ಖಂಡಕ್ಕೆಲ್ಲ ಮೊದಲ ದೊಡ್ಡ ಚರ್ಚಂತೆ. ಎಲ್ಲರೂ ತಲೆಯೆತ್ತಿ ಕಮಾನು ನೋಡುತ್ತಿದ್ದರೆ ಭಾವ ಸರಸರನೆ ಹೋಗಿ ಮುಂದಿನ ಬೆಂಚಿಗೆ ಕರ್ಚೀಫು ಹಾಸಿ, ಪಕ್ಕದಲ್ಲಿ ಕೈಕಟ್ಟಿ ನಿಂತರು. ನಮ್ಮ ಗುಂಪಿನ ಕೆನಡಾದ ಹೆಂಗಸೊಬ್ಬಳು ಅದನ್ನು ಗಮನಿಸಿದಳು. ಇಲ್ಲಿನ ಸಂಪ್ರದಾಯವಿರಬೇಕೆಂದುಕೊಂಡು ತನ್ನ ಸ್ಕಾರ್ಫು ಬಿಚ್ಚಿ ಪಕ್ಕದಲ್ಲಿ ಹಾಸಿ, ಕಣ್ಣುಮುಚ್ಚಿ ನಿಂತಳು. ಅವಳನ್ನು ನೋಡಿ ಇನ್ನೊಬ್ಬರು ಟೋಪಿ ಇಟ್ಟರು. ಜರ್ಮನ್ ಮನುಷ್ಯ ಜಾಕೆಟ್ಟೇ ಇಟ್ಟ. ಗೈಡು ತಿರುಗಿ ನೋಡಿದರೆ ಬೆಂಚಿನ ತುಂಬ ಬಟ್ಟೆ, ಸುತ್ತ ಭಕ್ತಿಯಿಂದ ನಿಂತ ಜನ! ಕೂತವಳು ನಮ್ಮ ಅಕ್ಕ ಒಬ್ಬಳೇ. ಹೊಸ ಮತವೊಂದು ಹುಟ್ಟುವುದನ್ನು ನಾನು ಕಣ್ಣಾರೆ ಕಂಡೆ.

ಅಲ್ಲಿಂದ ಅಂಗಡಿಗೆ. ಗಮನಿಸಿ, ಯಾವ ಗೈಡಾದರೂ "ಇಲ್ಲಿ ಟಾಯ್ಲೆಟ್ ಚೆನ್ನಾಗಿದೆ" ಅಂತ ಅಂಗಡಿಯೊಳಗೆ ಕರೆದೊಯ್ದರೆ ಪರ್ಸಿನ ಜಿಪ್ಪು ಎಳೆದುಕೊಳ್ಳಿ. ನಾನು ನೀಲಿ ಸ್ಕಾರ್ಫೊಂದನ್ನು ಹಿಡಿದು, ಮುಖ ಹುಳಿಮಾಡಿ, ಅದರಲ್ಲಿಲ್ಲದ ತೂತು ಹುಡುಕುತ್ತಾ ಅಂಗಡಿಯವಳನ್ನು ಇನ್ನೇನು ಅಳಿಸುವ ಹಂತಕ್ಕೆ ತಂದಿದ್ದೆ. ಭಾವ ಬಂದವರೇ, "ಅಬ್ಬಾ! ಎಷ್ಟು ಚೆನ್ನಾಗಿದೆ! ಬ್ಯೂಟಿಫುಲ್! ನಮ್ಮ ಕಡೆ ಸಿಗೋದೇ ಇಲ್ಲ!" ಎಂದುಬಿಟ್ಟರು. ಮುಗಿಯಿತಲ್ಲ! ಅಂಗಡಿಯವಳ ಮುಖ ಅರಳಿತು, ರೇಟು ಬಂಡೆಯಂತೆ ಕೂತಿತು. ಖುಷಿಗೆ ಅವಳು ಫ್ಯಾನಿನ ಕೆಳಗಿದ್ದ ತನ್ನ ಸ್ಟೂಲನ್ನೇ ಭಾವನ ಮುಂದೆ ತಳ್ಳಿದಳು. ಭಾವ ಅದಕ್ಕೂ ಕರ್ಚೀಫು ಹಾಕಿದರು. ಕೂತವಳು ಅಕ್ಕ, ಬೈಯುತ್ತಾ. ಹೇಳಿದ ರೇಟಿಗೇ ಸ್ಕಾರ್ಫು ಕೊಂಡವಳು ನಾನು, ಹಲ್ಲು ಕಡಿಯುತ್ತಾ.

ಅನಾಹುತವಾದದ್ದು ಅರಮನೆಯಲ್ಲಿ. ನಾವಿಕನ ಮಗ ಕಟ್ಟಿಸಿದ್ದಂತೆ. ಒಂದು ಕೋಣೆಯಲ್ಲಿ ಹಗ್ಗದ ಆಚೆ ಕೆತ್ತನೆಯ ಹಳೇ ಕುರ್ಚಿ. ಅಕ್ಕ ಮೆಟ್ಟಿಲು ಹತ್ತಿ ಬಂದು ಗೋಡೆ ಹಿಡಿದುಕೊಂಡಿದ್ದಳಷ್ಟೆ, ಕರ್ಚೀಫು ಹಗ್ಗದ ಮೇಲಿಂದ ಹಾರಿ ಹೋಗಿ ಕುರ್ಚಿಯ ನಟ್ಟನಡುವೆ ಕೂತಿತು. ಗುರಿ ಇನ್ನೂ ಕೆಟ್ಟಿಲ್ಲ! ಕಾವಲುಗಾರ ಸೀಟಿ ಊದಿದ. ಗೈಡು ಕೊಡೆ ಬೀಸುತ್ತಾ ಓಡಿಬಂದ.

"ಸರ್! ಇದು ಮ್ಯೂಸಿಯಂ ಕುರ್ಚಿ. ಕೂರುವ ಹಾಗಿಲ್ಲ."

"ಇಷ್ಟು ಕಾಲದಿಂದ ಖಾಲಿ ಇದೆಯಲ್ಲಪ್ಪ" ಎಂದರು ಭಾವ ಇಂಗ್ಲಿಷಿನಲ್ಲಿ. "ನಾನು ಖಾಲಿ ಸೀಟಿಗೆ ಹಾಕಿದೆ. ಈ ಅರಮನೆಯೋರು ಏನು ಮಾಡಿದ್ರು? ಹಡಗಿಂದ ಇಳಿದು ಮರಳಿನಲ್ಲಿ ಬಾವುಟ ನೆಟ್ಟರು. ಬಾವುಟ ಅಂದ್ರೇನು? ಕೋಲಿಗೆ ಕಟ್ಟಿದ ಕರ್ಚೀಫು! ಅದೂ ಜನ ಕೂತಿದ್ದ ಸೀಟಿಗೇ ಹಾಕಿದ್ರಲ್ಲ, ಅವಾಗ ಸೀಟಿ ಊದಿದೋರು ಯಾರು?"

ಗೈಡು ಕೊಡೆಯನ್ನು ನೆಲಕ್ಕೆ ಊರಿ ನಕ್ಕ ನೋಡಿ, ಕಣ್ಣಲ್ಲಿ ನೀರು ಬರುವ ಹಾಗೆ ನಕ್ಕ. ಕಾವಲುಗಾರನಿಗೆ ಸ್ಪ್ಯಾನಿಷಿನಲ್ಲಿ ಹೇಳಿದ, ಅವನೂ ನಕ್ಕ. ಕರ್ಚೀಫನ್ನು ಎತ್ತಿ, ಮಡಿಸಿ, ಎರಡೂ ಕೈಯಲ್ಲಿ ಭಾವನಿಗೆ ಒಪ್ಪಿಸಿದ. ಆದರೆ ಕುರ್ಚಿ ಮಾತ್ರ ಕೊಡಲಿಲ್ಲ!

ಕೊನೆಗೆ ಉಳಿದದ್ದು ಹೆಂಗಸರ ಬೀದಿ. ಅಷ್ಟರಲ್ಲಿ ಅಕ್ಕನ ಕಾಲು ಎಳೆಯತೊಡಗಿತ್ತು. ತುಟಿ ಬಿಳಿಚಿಕೊಂಡಿತ್ತು. ಗೈಡು ಮೆಲ್ಲಗೆ ಬಂದು, "ಮೇಡಂ, ಬಸ್ಸು ಇಲ್ಲಿಗೇ ಬರುತ್ತೆ. ನೀವು ಹತ್ತಿ ಕೂತಿರಿ, ನಾವು ಬೀದಿ ನೋಡಿಕೊಂಡು ಬರ್ತೀವಿ" ಎಂದ. ಅಕ್ಕ ಕಲ್ಲುಹಾಸಿನ ಮೇಲೆ ದೂರಕ್ಕೆ ಹೋಗುತ್ತಿದ್ದ ಬಿಸಿಲನ್ನು ನೋಡುತ್ತಾ ನಿಂತಳು. ಪಾಠ ಹೇಳಿದಷ್ಟು ವರ್ಷ ಸೀಮೆಸುಣ್ಣದಲ್ಲೇ ದಾಟಿದ ಸಮುದ್ರವನ್ನು ಈಗ ನಿಜವಾಗಿ ದಾಟಿ ಬಂದು, ಬೀದಿಯ ಬಾಯಿಂದಲೇ ವಾಪಸ್ ಹೋಗಬೇಕು.

ಇಂಥ ಹೊತ್ತಲ್ಲಿ ಗಂಡನಾದವನು ಪಕ್ಕದಲ್ಲಿರಬೇಕು ತಾನೆ? ತಿರುಗಿ ನೋಡಿದರೆ ಭಾವನೇ ಇಲ್ಲ! ನನಗೆ ಮೈಯೆಲ್ಲ ಉರಿಯಿತು. "ಎಲ್ಲಿ ಸೀಟು ಹಿಡಿಯಕ್ಕೆ ಹೋದ್ರೋ ಈ ಮಹಾರಾಯ್ರು!" ಎಂದೆ.

"ಅಗೋ" ಎಂದಳು ಅಕ್ಕ.

ಸ್ವಲ್ಪ ದೂರದಲ್ಲಿ ಮನೆಯೊಂದರ ಕಲ್ಲುಮೆಟ್ಟಿಲಿನ ಮೇಲೆ ಬಿಳಿ ಕರ್ಚೀಫು. ಅದರಾಚೆ ಕಿಟಕಿಯ ಕೆಳಗಿನ ಕಟ್ಟೆಯ ಮೇಲೆ ಭಾವನ ಟೋಪಿ. ಅದರಾಚೆ ಮರದ ಕೆಳಗಿನ ಬೆಂಚಿನಲ್ಲಿ ಕನ್ನಡಕದ ಡಬ್ಬಿ. ಇನ್ನೂ ಆಚೆ ನೀರಿನ ಬಾಟಲಿ. ಬೀದಿಯುದ್ದಕ್ಕೂ ಕೂರಬಹುದಾದ ಒಂದು ಜಾಗವನ್ನೂ ಬಿಟ್ಟಿಲ್ಲ. ತುದಿಯಲ್ಲಿ, ನದಿ ಕಾಣುವ ಕಡೆ, ಹಾಕಲು ಬೇರೇನೂ ಉಳಿಯದೆ, ಉದ್ದನೆಯ ಕಲ್ಲುಬೆಂಚಿನ ಮುಂದೆ ತಾವೇ ಎರಡೂ ಕೈ ಅಗಲಿಸಿಕೊಂಡು ನಿಂತಿದ್ದರು, ಬಸ್ಸಿನ ಬಾಗಿಲು ತಡೆದು ನಿಂತವರ ಹಾಗೆ.

"ನೋಡೇ ಇವರ ಅವತಾರ! ಕನ್ನಡಕದ ಡಬ್ಬಿ ಬೇರೆ ಇಟ್ಟಿದ್ದಾರೆ, ಯಾರಾದ್ರೂ ಎತ್ಕೊಂಡ್ ಹೋದ್ರೆ?" ಎಂದು ಜೋರಾಗಿ ಬೈಯುತ್ತಾ ಅಕ್ಕ ಹೊರಟೇಬಿಟ್ಟಳು. ಕರ್ಚೀಫು ಎತ್ತಿಕೊಂಡು ಮೆಟ್ಟಿಲ ಮೇಲೆ ಕೂತಳು, ಬೈದಳು, ಎದ್ದಳು. ಟೋಪಿ ಎತ್ತಿಕೊಂಡು ಕಟ್ಟೆಯ ಮೇಲೆ ಕೂತಳು, ಬೈದಳು, ಎದ್ದಳು. ಹಳದಿ ಕೊಡೆಯವನು ಅವಳ ಹಿಂದೆ, ಅವನ ಹಿಂದೆ ಇಡೀ ಗುಂಪು, ಅವಳ ನಡಿಗೆಗೆ ನಡಿಗೆ ಸೇರಿಸಿಕೊಂಡು.

ನೀರಿನ ಬಾಟಲಿಯ ಪಕ್ಕ ಕೂತಾಗ ನಾನು ಕೇಳಿಯೇಬಿಟ್ಟೆ. "ಅಕ್ಕಾ, ಇಷ್ಟೊಂದು ಬೈತೀಯಲ್ಲ..."

ಅಕ್ಕ ಬಾಟಲಿಯ ಮುಚ್ಚಳ ತಿರುಗಿಸುತ್ತಾ ದನಿ ತಗ್ಗಿಸಿದಳು. "ಬೈಯದೆ ಹೇಗೆ ಕೂರಲಿ? ಕೂತ್ಕೊ ಅಂದ್ರೆ ನಾನು ಕೂರಲ್ಲ ಅಂತ ಅವರಿಗೆ ಗೊತ್ತು. ಬಸುರಿಯಾಗಿದ್ದಾಗ ಮಂಡ್ಯ ಬಸ್ಸಿನಿಂದಲೂ ಇದೇ ಆಟ. ನಂಗೆ ಅರ್ಥ ಆಗಿದೆ ಅನ್ನೋದೊಂದು ಅವರಿಗೆ ಗೊತ್ತಿಲ್ಲ. ನೀನು ಬಾಯಿ ಬಿಟ್ಟೀಯ, ಹುಷಾರ್!"

ಬೆಳಗಿನಿಂದ ಆದದ್ದೆಲ್ಲ ಒಂದೊಂದಾಗಿ ನನ್ನ ಕಣ್ಣಮುಂದೆ ಬಂತು. ಚರ್ಚಿನಲ್ಲಿ ಭಾವ ನಿಂತಿದ್ದರು. ಅಂಗಡಿಯಲ್ಲಿ ನಿಂತಿದ್ದರು. ಊಟದ ಹೊತ್ತಲ್ಲೂ ಅಕ್ಕನಿಗೆ ಕುರ್ಚಿ ಸರಿಸಿಕೊಟ್ಟು, ತಟ್ಟೆ ಹಿಡಿದುಕೊಂಡು ನಿಂತೇ ತಿಂದಿದ್ದರು. ಇಷ್ಟು ಸೀಟು ಹಿಡಿದ ಮನುಷ್ಯ ಊರಿಗೆ ಕಾಲಿಟ್ಟ ಮೇಲೆ ಒಂದರಲ್ಲೂ ಕೂತಿರಲಿಲ್ಲ.

ಅಕ್ಕ ಎದ್ದು, ಕೊನೆಯ ತುಂಡು ಬೀದಿಯನ್ನು ಸೆರಗು ಸರಿಮಾಡಿಕೊಂಡು, ಗವರ್ನರ್ ಮನೆಯವಳ ಹಾಗೆ ನಡೆದಳು. ಭಾವ ಬೆಂಚು ಬಿಟ್ಟುಕೊಟ್ಟರು. ಅಕ್ಕ ಕೂತಳು, ನದಿ ನೋಡಿದಳು, ಬೈಯುವುದನ್ನು ಮರೆತಳು. ನಮ್ಮ ಗುಂಪಿನವರೂ ದಣಿದಿದ್ದರು. ಬೆಂಚಿನಲ್ಲಿ ಉಳಿದ ಜಾಗದ ಕಡೆಗೆ ಜರ್ಮನ್ ಮನುಷ್ಯ ಬರುವುದು ಕಾಣಿಸಿತು. ನಾನು ಮುಂದೆ ನುಗ್ಗಿದೆ. ಹೇಳಿದ ರೇಟಿಗೇ ಕೊಂಡಿದ್ದ ಆ ನೀಲಿ ಸ್ಕಾರ್ಫನ್ನು ಬೀಸಿ ಅಕ್ಕನ ಪಕ್ಕಕ್ಕೆ ಎಸೆದೆ.

"ಭಾವ, ಬನ್ನಿ. ಸೀಟು ಹಿಡಿದಿದ್ದೀನಿ."

ಭಾವ ಸ್ಕಾರ್ಫನ್ನು ನೋಡಿದರು, ನನ್ನನ್ನು ನೋಡಿದರು. ಜೇಬು ತಡವಿದರು, ಕರ್ಚೀಫು ಅಕ್ಕನ ಕೈಯಲ್ಲಿತ್ತು. ಮೇಲೆ ಬಟಾಬಯಲು ಆಕಾಶ, ಎದುರಿಗೆ ನದಿ.

"ಕಿಟಕಿ ಪಕ್ಕದ್ದೇನಮ್ಮಾ?" ಎಂದು ಕೇಳಿ, ಕೂತರು.